ಚರ್ಚ್ ಚಿತ್ರಗಳಲ್ಲಿ ಸಂತರು ಕಣ್ಣು, ಚಾಕು, ಚಕ್ರ ಹಿಡಿದುಕೊಂಡಿರುವುದು ಯಾಕೆ?

ನೀವು ಕೇಳಿರುವುದು ಎರಡು ಪ್ರಶ್ನೆ. ಹಳೆಯ ಇಟಾಲಿಯನ್ ಚಿತ್ರಗಳಲ್ಲಿ ಒಬ್ಬ ಹುಡುಗಿ ಎರಡು ಕಣ್ಣುಗಳನ್ನು ತಟ್ಟೆಯಲ್ಲಿಟ್ಟುಕೊಂಡು ನಿಂತಿರುವುದು ಯಾಕೆ? ತಲೆಗೆ ಕತ್ತಿ ನೆಟ್ಟಿದ್ದರೂ ಶಾಂತವಾಗಿ ನಿಂತಿರುವ ಸನ್ಯಾಸಿ ಯಾರು? ನಾನು ದಕ್ಷಿಣ ಕನ್ನಡದ ಕಥೋಲಿಕ ಮನೆಯಲ್ಲಿ ಬೆಳೆದವಳು. ಈ ಗುರುತುಗಳು ನನಗೆ ತುಂಬಾ ಇಷ್ಟದ ವಿಷಯ.

ಮೊದಲ ಕಾರಣ ಸರಳ. ಈ ಸಂತರಲ್ಲಿ ಹೆಚ್ಚಿನವರ ಮುಖ ಹೇಗಿತ್ತು ಅಂತ ಯಾರಿಗೂ ಗೊತ್ತಿರಲಿಲ್ಲ. ಚರ್ಚಿಗೆ ಬರುವ ಬಹಳಷ್ಟು ಜನರಿಗೆ ಓದಲೂ ಬರುತ್ತಿರಲಿಲ್ಲ. ಹಾಗಾಗಿ ಕೈಯಲ್ಲಿರುವ ವಸ್ತುವೇ ಹೆಸರು ಹೇಳಬೇಕಿತ್ತು. ವೀಣೆ ಕಂಡರೆ ಸರಸ್ವತಿ, ತ್ರಿಶೂಲ ಕಂಡರೆ ಶಿವ ಅಂತ ನಮಗೆ ಯಾರೂ ಹೇಳಿಕೊಡಬೇಕಿಲ್ಲ, ಅಲ್ವಾ? ಆದರೆ ಇಲ್ಲಿ ಒಂದು ದೊಡ್ಡ ವ್ಯತ್ಯಾಸ ಇದೆ. ತ್ರಿಶೂಲ ಶಿವನದೇ ಆಯುಧ. ರಕ್ತಸಾಕ್ಷಿಗಳ, ಅಂದರೆ ಧರ್ಮಕ್ಕಾಗಿ ಪ್ರಾಣ ಕೊಟ್ಟವರ, ಕೈಯಲ್ಲಿ ಇರುವುದು ಬಹುತೇಕ ಅವರನ್ನು ಹಿಂಸಿಸಿದ, ಇಲ್ಲವೇ ಕೊಂದ ಸಾಧನ. ಯಾವುದು ಅವರನ್ನು ಸೋಲಿಸಬೇಕಿತ್ತೋ ಅದನ್ನೇ ಚಿತ್ರಕಾರರು ಅವರ ಕೈಗೆ ಕೊಟ್ಟರು. ಜೊತೆಗೆ ಒಂದು ಖರ್ಜೂರದ ಗರಿ. ರೋಮನ್ನರಲ್ಲಿ ಅದು ಗೆದ್ದವರಿಗೆ ಕೊಡುತ್ತಿದ್ದ ಗರಿ. ಹಾಗಾಗಿ ಚಿತ್ರದಲ್ಲಿ ಮೊದಲು ಗರಿ ಹುಡುಕಿ. ಅದಿದ್ದರೆ ಸಾಮಾನ್ಯವಾಗಿ ರಕ್ತಸಾಕ್ಷಿ ಅಂತ ಅರ್ಥ.

ನೀವು ನೋಡಿದ ಹುಡುಗಿ ಸಂತ ಲೂಸಿ, ಸಿಸಿಲಿಯ ಸಿರಾಕ್ಯೂಸ್ ಊರಿನವಳು. ಹಬ್ಬ ಡಿಸೆಂಬರ್ 13. ಅವಳ ಕಣ್ಣು ಕಿತ್ತರು ಅಂತ ಹೇಳುತ್ತಾರೆ. ಆದರೆ ಹಳೆಯ ಕಥೆಯಲ್ಲಿ ಆ ಮಾತೇ ಇಲ್ಲ, ಅದು ಎಷ್ಟೋ ಕಾಲದ ನಂತರ ಸೇರಿಕೊಂಡದ್ದು. ಫ್ರಾಂಚೆಸ್ಕೊ ದೆಲ್ ಕೊಸ್ಸಾ ಸುಮಾರು 1473ರಲ್ಲಿ ಬರೆದ ಲೂಸಿಯ ಚಿತ್ರ ವಾಷಿಂಗ್ಟನ್ನಿನ ನ್ಯಾಷನಲ್ ಗ್ಯಾಲರಿಯಲ್ಲಿದೆ. ಅದನ್ನು ಇಂಟರ್ನೆಟ್ಟಿನಲ್ಲಿ ದೊಡ್ಡದು ಮಾಡಿ ನೋಡಿ. ಅಲ್ಲಿ ತಟ್ಟೆಯೇ ಇಲ್ಲ. ಚಿನ್ನದ ಬಣ್ಣದ ಹಿನ್ನೆಲೆ. ಬೆರಳ ತುದಿಯಲ್ಲಿ ಒಂದು ಸಣ್ಣ ಕಾಂಡ, ಅದರ ತುದಿಯಲ್ಲಿ ಹೂವು ಅರಳಬೇಕಾದ ಜಾಗದಲ್ಲಿ ಎರಡು ಕಣ್ಣು. ಅವಳ ಮುಖದ ಕಣ್ಣುಗಳೂ ಹಾಗೇ ಇವೆ! ಇದು ಚಿತ್ರಕಾರನ ತಪ್ಪಲ್ಲ. ನಮ್ಮ ಮುಂದೆ ನಿಂತಿರುವುದು ಸ್ವರ್ಗ ಸೇರಿದ ಲೂಸಿ. ಅಲ್ಲಿ ಅವಳಿಗೆ ಯಾವ ಊನವೂ ಇಲ್ಲ.

ಸಿಸ್ಟೀನ್ ಚಾಪೆಲ್‌ನಲ್ಲಿ ಮೈಕೆಲೇಂಜೆಲೊ ಬರೆದ ಕೊನೆಯ ತೀರ್ಪಿನ ಚಿತ್ರದಲ್ಲೂ ಇದೇ ಲೆಕ್ಕ. ಜೀವಂತ ಚರ್ಮ ಸುಲಿಸಿಕೊಂಡರು ಎನ್ನುವ ಸಂತ ಬಾರ್ತೊಲೊಮಿಯೊ ಒಂದು ಕೈಯಲ್ಲಿ ಚಾಕು, ಇನ್ನೊಂದರಲ್ಲಿ ತಮ್ಮದೇ ಚರ್ಮ ಹಿಡಿದು ಕೂತಿದ್ದಾರೆ. ಆದರೆ ಅವರ ಮೈ ಗಟ್ಟಿಮುಟ್ಟಾಗಿದೆ. ಜೋತುಬಿದ್ದ ಆ ಚರ್ಮದ ಮೇಲಿನ ಮುಖ ಮೈಕೆಲೇಂಜೆಲೊನದೇ ಅಂತ ಬಹಳ ಜನ ನಂಬುತ್ತಾರೆ. ನನಗಂತೂ ಇಡೀ ಗೋಡೆಯಲ್ಲಿ ಹೆಚ್ಚು ತಟ್ಟುವುದು ಅದೇ.

ಸಂತ ಲಾರೆನ್ಸರ ಗುರುತು ಕಬ್ಬಿಣದ ಸರಳುಗಳ ಜಾಲರಿ. ಅವರು ರೋಮಿನಲ್ಲಿ 258ರಲ್ಲಿ ಪ್ರಾಣ ಕೊಟ್ಟವರು. ಚರ್ಚಿನ ಸಂಪತ್ತು ತಂದೊಪ್ಪಿಸು ಅಂದಾಗ ಬಡವರನ್ನು, ರೋಗಿಗಳನ್ನು ಕರೆತಂದು 'ಇವರೇ ನಮ್ಮ ಸಂಪತ್ತು' ಅಂದರಂತೆ. ಆ ಜಾಲರಿಯ ಮೇಲೆ ಸುಟ್ಟರು ಅಂತ ಕಥೆ. ಕಾರ್ಕಳ ಹತ್ತಿರದ ಅತ್ತೂರು ಬಸಿಲಿಕ ಇವರ ಹೆಸರಿನದೇ. ಜನವರಿಯ ಹಬ್ಬಕ್ಕೆ ಎಲ್ಲ ಧರ್ಮದವರೂ ಅಲ್ಲಿ ಸೇರುತ್ತಾರೆ.

ಸಂತ ಸೆಬಾಸ್ಟಿಯನ್‌ರ ವಿಷಯದಲ್ಲಿ ಜಾಸ್ತಿ ಜನ ಎಡವುತ್ತಾರೆ. ಮೈತುಂಬ ಬಾಣ, ಆದರೆ ಅವರು ಸತ್ತಿದ್ದು ಬಾಣದಿಂದಲ್ಲ. ಐರೀನ್ ಎಂಬಾಕೆ ಆರೈಕೆ ಮಾಡಿ ಬದುಕಿಸಿದಳು, ಆಮೇಲೆ ದೊಣ್ಣೆಯಿಂದ ಹೊಡೆದು ಕೊಂದರು ಅನ್ನುತ್ತದೆ ಕಥೆ. ಹಿಂದೆ ಪ್ಲೇಗನ್ನು ಮೇಲಿನಿಂದ ಬರುವ ಬಾಣ ಅಂತ ಭಾವಿಸುತ್ತಿದ್ದರು. ಬಾಣ ತಿಂದೂ ಬದುಕಿದವರು ನಮ್ಮನ್ನೂ ಉಳಿಸಿಯಾರು ಅಂತ ಅವರ ಮೊರೆ ಹೋದರು. 14ನೇ ಶತಮಾನದ ಮಹಾ ಪ್ಲೇಗಿನ ನಂತರ ಅವರ ಚಿತ್ರಗಳು ಎಷ್ಟೊಂದು ಬಂದವು ಅನ್ನುವುದಕ್ಕೆ ಕಾರಣ ಇದೇ.

ಮುರಿದ, ಮುಳ್ಳುಗಳಿರುವ ಚಕ್ರ ಇದ್ದರೆ ಅಲೆಕ್ಸಾಂಡ್ರಿಯದ ಕ್ಯಾಥರೀನ್. ಬೀಗದ ಕೈ ಇದ್ದರೆ ಪೇತ್ರ, ಕತ್ತಿ ಇದ್ದರೆ ಹೆಚ್ಚಾಗಿ ಪೌಲ. ಸಿಂಹ ಕಂಡರೆ ಸ್ವಲ್ಪ ತಾಳಿ. ರೆಕ್ಕೆ ಇದ್ದರೆ ಅದು ಬೈಬಲಿನ ಒಂದು ಸುವಾರ್ತೆ ಬರೆದ ಮಾರ್ಕನ ಗುರುತು. ರೆಕ್ಕೆ ಇಲ್ಲದೆ ಮುದುಕರೊಬ್ಬರ ಕಾಲ ಬಳಿ ಮಲಗಿದ್ದರೆ ಅವರು ಬಹುಶಃ ಬೈಬಲನ್ನು ಲ್ಯಾಟಿನ್ನಿಗೆ ತಂದ ಜೆರೋಮ್. ಎಲ್ಲರೂ ರಕ್ತಸಾಕ್ಷಿಗಳಲ್ಲ ಅನ್ನುವುದೂ ನೆನಪಿರಲಿ. ಮಂಗಳೂರಿನ ಅಲೋಶಿಯಸ್ ಚಾಪೆಲ್‌ನ ಚಾವಣಿಯಲ್ಲಿ ಇಟಲಿಯ ಚಿತ್ರಕಾರ ಮೊಸ್ಕೇನಿ ಯಾರ ಜೀವನವನ್ನು ಬರೆದಿದ್ದಾರೋ ಆ ಅಲೋಶಿಯಸ್ ಗೊನ್ಜಾಗ 1591ರಲ್ಲಿ ರೋಮಿನಲ್ಲಿ ರೋಗಿಗಳ ಸೇವೆ ಮಾಡುವಾಗ ಪ್ಲೇಗ್ ತಗುಲಿ ತೀರಿಕೊಂಡವರು. ಅವರ ಗುರುತು ಬಿಳಿ ಲಿಲ್ಲಿ ಹೂವು.

ಇನ್ನು ನಿಮ್ಮ ಸನ್ಯಾಸಿ. ಬಿಳಿ ಅಂಗಿಯ ಮೇಲೆ ಕಪ್ಪು ನಿಲುವಂಗಿ ಇತ್ತಾ? ಹಾಗಿದ್ದರೆ ಅವರು ವೆರೋನಾದ ಪೀಟರ್, ದೊಮಿನಿಕನ್ ಎಂಬ ಸನ್ಯಾಸಿಗಳ ಸಭೆಯವರು. 1252ರಲ್ಲಿ ಕೋಮೊದಿಂದ ಮಿಲಾನಿಗೆ ಹೋಗುವ ದಾರಿಯಲ್ಲಿ ತಲೆಗೆ ಹೊಡೆದು ಕೊಂದರು. ಮರುವರ್ಷವೇ ಪೋಪ್ ಅವರನ್ನು ಸಂತರೆಂದು ಸಾರಿದರು.