ಹಿತ್ತಲಿನ ಅಮೆರಿಕನ್ ಪರ್ಸಿಮನ್ ಮರ ಹೂ ಬಿಡುತ್ತದೆ, ಹಣ್ಣು ಯಾಕಿಲ್ಲ?

ಬಹುಶಃ ಅದು ಗಂಡು ಮರ. ಅಮೆರಿಕದ ನಾಡತಳಿ ಪರ್ಸಿಮನ್‌ನಲ್ಲಿ ಸಾಮಾನ್ಯವಾಗಿ ಗಂಡು ಹೂ ಒಂದು ಮರದಲ್ಲಿ, ಹೆಣ್ಣು ಹೂ ಇನ್ನೊಂದರಲ್ಲಿ. ಕಾಯಿ ಕಚ್ಚುವುದು ಹೆಣ್ಣು ಮರ. ಹೆಣ್ಣು ಮರಕ್ಕೂ ಸಾಮಾನ್ಯವಾಗಿ ಹತ್ತಿರದಲ್ಲಿ ಗಂಡು ಮರ ಬೇಕು.

ಮೇ-ಜೂನ್‌ನಲ್ಲಿ ಹೂ ನೋಡಿ. ಸಣ್ಣ ಹೂಗಳು ಎರಡು ಮೂರು ಒಟ್ಟಿಗಿದ್ದರೆ ಗಂಡು, ಸ್ವಲ್ಪ ದೊಡ್ಡದಾಗಿ ಒಂಟಿಯಾಗಿದ್ದರೆ ಹೆಣ್ಣು. ಮರದ ಬಗ್ಗೆಯೇ ಅನುಮಾನವಿದ್ದರೆ ತೊಗಟೆ ನೋಡಿ: ಬಲಿತ ಪರ್ಸಿಮನ್ ತೊಗಟೆ ಮೊಸಳೆ ಚರ್ಮದ ಹಾಗೆ ಚೌಕ ಚೌಕವಾಗಿ ಒಡೆದಿರುತ್ತದೆ.

ಸುಮ್ನೆ ಕಡಿದುಹಾಕಬೇಡಿ. ಹೆಣ್ಣು ಮರದ ಕಡ್ಡಿ ತಂದು ಕಸಿ ಕಟ್ಟಬಹುದು. ಹೊಸದಾಗಿ ನೆಡುವುದಾದರೆ ಕಸಿ ಸಸಿಯೇ ವಾಸಿ. ಬೀಜದ ಸಸಿ ಗಂಡೋ ಹೆಣ್ಣೋ ಹೂ ಬಿಡುವ ತನಕ ತಿಳಿಯದು. ಚಿಕ್ಕ ಸಸಿಯನ್ನೇ ನೆಡಿ, ತಾಯಿಬೇರು ಆಳಕ್ಕಿಳಿದ ಮೇಲೆ ಕಿತ್ತು ನೆಟ್ಟರೆ ಬದುಕುವುದು ಕಷ್ಟ.