ಏಳನೇ ಮನವಿ ಬರೆಯಬೇಡಿ, ಮೇಷ್ಟ್ರೇ

ಪ್ರಿಯ ಮೇಷ್ಟ್ರೇ,

ನಿಮ್ಮ ಐದು ಪುಟದ ಪತ್ರವನ್ನು ಉಳಿದ ಓದುಗರಿಗಾಗಿ ಚಿಕ್ಕದು ಮಾಡಿ ಹೇಳುತ್ತೇನೆ. ನೀವು ಸರ್ಕಾರಿ ಶಾಲೆಯ ಮುಖ್ಯೋಪಾಧ್ಯಾಯರಾಗಿ ನಿವೃತ್ತರಾಗಿ ಒಂಬತ್ತು ವರ್ಷ ಆಯಿತು. ಬಡ್ತಿ ಸಿಕ್ಕಾಗ ವೇತನ ನಿಗದಿಯಲ್ಲಿ ತಪ್ಪಾಯಿತು. ಅದೇ ತಪ್ಪು ಪಿಂಚಣಿಗೂ ಅಂಟಿಕೊಂಡು ಬಂತು. ಜೊತೆಯ ಇಬ್ಬರು ಕೇಸು ಹಾಕಿ ಗೆದ್ದರು. ನೀವು ಕೋರ್ಟಿಗೆ ಹೋಗದೆ ಇಲಾಖೆಗೆ ಆರು ಮನವಿ ಕೊಟ್ಟಿರಿ. ಕೊನೆಗೆ ಬಂದ ಉತ್ತರ: ಕೋರ್ಟಿನ ಆದೇಶ ಕೇಸು ಹಾಕಿದ ಅರ್ಜಿದಾರರಿಗೆ ಮಾತ್ರ, ನೀವು ತಡ ಮಾಡಿದ್ದೀರಿ. ಹಾಜರಿ ಪುಸ್ತಕದಲ್ಲಿ ಬೇರೆಯವರಿಗೆ ‘ತಡ’ ಅಂತ ಬರೆದವರಿಗೆ ಈ ಮಾತು ಎಷ್ಟು ಚುಚ್ಚಿರಬಹುದು ಅಂತ ಊಹಿಸಬಲ್ಲೆ. ಈಗ ಕೇಳುತ್ತಿದ್ದೀರಿ, ಸುಮ್ನೆ ಬಿಟ್ಟುಬಿಡಲೇ?

ಬಿಡಬೇಡಿ. ಆದರೆ ಇನ್ನೊಂದು ಮನವಿಯನ್ನೂ ಬರೆಯಬೇಡಿ.

ತಪ್ಪು ವೇತನ ನಿಗದಿ ಒಂದು ದಿನಕ್ಕೆ ಮುಗಿದುಹೋಗುವ ಅನ್ಯಾಯ ಅಲ್ಲ. ಪ್ರತಿ ತಿಂಗಳು ಕಡಿಮೆ ಹಣ ಬಂದಾಗಲೂ ಅದು ಹೊಸದಾಗಿ ಆಗುತ್ತದೆ. ಎಂ.ಆರ್. ಗುಪ್ತಾ ಎಂಬ ರೈಲ್ವೆ ನೌಕರರ ವೇತನ 1978ರಲ್ಲಿ ತಪ್ಪಾಗಿ ನಿಗದಿಯಾಯಿತು ಅನ್ನುವುದು ಅವರ ದೂರು. ಅವರು ಸರ್ಕಾರಿ ನೌಕರರ ಸೇವಾ ವ್ಯಾಜ್ಯ ಕೇಳುವ ನ್ಯಾಯಮಂಡಳಿಗೆ ಹೋದದ್ದು 1989ರಲ್ಲಿ. ಅವಧಿ ಮೀರಿದೆ ಅಂತ ಅಲ್ಲಿ ವಾಪಸ್ ಕಳಿಸಿದರು. 1995ರಲ್ಲಿ ಸುಪ್ರೀಂ ಕೋರ್ಟ್, ಹಾಗೆ ಬಾಗಿಲು ಮುಚ್ಚುವುದು ಸರಿಯಲ್ಲ ಎಂದಿತು.

ಆದರೆ ತಡಕ್ಕೆ ಬೆಲೆ ಇದ್ದೇ ಇದೆ. 2008ರ ತರ್ಸೇಮ್ ಸಿಂಗ್ ಪ್ರಕರಣ ನೋಡಿ. 1983ರಲ್ಲಿ ಸೇನೆಯಿಂದ ಹೊರಬಂದ ಅವರು ಅಂಗವಿಕಲ ಪಿಂಚಣಿ ಕೇಳಿ ಹೈಕೋರ್ಟಿಗೆ ಹೋದದ್ದು 1999ರಲ್ಲಿ. ಪಿಂಚಣಿ ಸಿಕ್ಕಿತು. ಹಿಂಬಾಕಿ ಮಾತ್ರ ಅರ್ಜಿಗೆ ಹಿಂದಿನ ಮೂರು ವರ್ಷದ್ದಷ್ಟೇ. ನಿಮಗೂ ಸಾಮಾನ್ಯವಾಗಿ ಇದೇ ಲೆಕ್ಕ. ಒಂಬತ್ತರಲ್ಲಿ ಆರು ವರ್ಷದ ಹಣ ಹೋಯಿತು ಅಂತಲೇ ಇಟ್ಟುಕೊಳ್ಳಿ. ಇನ್ನು ಒಂದು ತಿಂಗಳು ತಡವಾದರೆ ಹಿಂದಿನ ಇನ್ನೊಂದು ತಿಂಗಳು ಉದುರುತ್ತದೆ. ಮನವಿ ಕೊಟ್ಟ ಮಾತ್ರಕ್ಕೆ ಈ ಗಡಿಯಾರ ನಿಲ್ಲುವುದಿಲ್ಲ. ಮನವಿಗೆ ಉತ್ತರ ಬಂದರೂ ಹಳಸಿದ ಹಕ್ಕಿಗೆ ಜೀವ ಬರುವುದಿಲ್ಲ ಎಂದು ಸಿ. ಜೇಕಬ್ ಪ್ರಕರಣದಲ್ಲಿ, ಅದೇ 2008ರಲ್ಲಿ, ಕೋರ್ಟ್ ಹೇಳಿದೆ.

ನಿಮ್ಮ ಕರಡು ಅರ್ಜಿಯಲ್ಲಿ ನನಗೆ ಭಯ ಹುಟ್ಟಿಸಿದ್ದು ಎರಡನೇ ಕೋರಿಕೆ. ಬಡ್ತಿಯ ದಿನಾಂಕವನ್ನೇ ಹಿಂದಕ್ಕೆ ಹಾಕಿಕೊಡಿ ಅಂತ ಕೇಳಿದ್ದೀರಿ. ಅದನ್ನು ದಯವಿಟ್ಟು ಹೊಡೆದುಹಾಕಿ. ವೇತನ, ಪಿಂಚಣಿ ಸರಿಮಾಡಿದರೆ ಬೇರೆ ಯಾರಿಗೂ ನಷ್ಟವಿಲ್ಲ, ಹಾಗಾಗಿ ತಡವನ್ನು ಕೋರ್ಟು ಸಹಿಸಬಹುದು. ಜ್ಯೇಷ್ಠತೆ (ಅಂದರೆ ಸೇವೆಯಲ್ಲಿನ ಹಿರಿತನ), ಬಡ್ತಿ ಮುಟ್ಟಿದರೆ ಇನ್ನೊಬ್ಬರ ಜಾಗ ಅಲುಗಾಡುತ್ತದೆ. ಅಲ್ಲಿ ತಡವೇ ಮುಳುವು. ಇದನ್ನೂ ತರ್ಸೇಮ್ ಸಿಂಗ್ ತೀರ್ಪೇ ಹೇಳುತ್ತದೆ. ಎರಡನ್ನೂ ಒಂದೇ ಗಂಟಿಗೆ ಕಟ್ಟಿದರೆ ಸಿಗಬೇಕಾದ್ದೂ ಕೈತಪ್ಪಬಹುದು.

‘ಅವರಿಗೆ ಕೊಟ್ಟಿರಿ, ನನಗೂ ಕೊಡಿ’ ಅನ್ನುವ ವಾದವನ್ನೇ ನೆಚ್ಚಬೇಡಿ. ಒಂದೇ ಸ್ಥಿತಿಯಲ್ಲಿರುವವರಿಗೆ ಒಂದೇ ಲಾಭ ಅನ್ನುವುದು ನಿಯಮ ಹೌದು. ಆದರೆ ಪಕ್ಕದವರು ಗೆದ್ದ ಮೇಲೆ ಎದ್ದು ಬಂದವರಿಗೆ ಅದು ಸಿಗದೇ ಹೋಗಬಹುದು ಎಂದು 2014ರ ಅರವಿಂದ್ ಕುಮಾರ್ ಶ್ರೀವಾಸ್ತವ ತೀರ್ಪು ಎಚ್ಚರಿಸಿದೆ. ನಿಮ್ಮ ಸ್ವಂತ ಲೆಕ್ಕದ ತಪ್ಪನ್ನೇ ಮೊದಲು ತೋರಿಸಿ. ಗೆಳೆಯರ ಆದೇಶ ಅದರ ಬೆನ್ನಿಗಿರಲಿ.

ಕಡತ ತೆರೆದರೆ ಹಿಂದೆ ಜಾಸ್ತಿ ಪಾವತಿಯಾದದ್ದನ್ನು ವಸೂಲಿ ಮಾಡುತ್ತೇವೆ ಅಂತ ಯಾರೋ ಹೆದರಿಸಿದರಂತೆ. 2014ರ ರಫೀಕ್ ಮಸೀಹ್ ತೀರ್ಪಿನ ಪ್ರಕಾರ ನಿವೃತ್ತರಿಂದ ಹಾಗೆ ವಸೂಲಿ ಮಾಡುವಂತಿಲ್ಲ. ಒಂದು ಕೊಕ್ಕೆ ಇದೆ: ಜಾಸ್ತಿ ಬಂದರೆ ಹಿಂತಿರುಗಿಸುತ್ತೇನೆ ಅಂತ ಮುಚ್ಚಳಿಕೆ ಬರೆದುಕೊಟ್ಟಿದ್ದರೆ ವಸೂಲಿ ಮಾಡಬಹುದು ಎಂದು 2016ರ ಜಗದೇವ್ ಸಿಂಗ್ ತೀರ್ಪು ಹೇಳಿದೆ. ವೇತನ ಪರಿಷ್ಕರಣೆ ಆದಾಗೆಲ್ಲ ಯಾವ್ಯಾವುದಕ್ಕೋ ಸಹಿ ಹಾಕಿರುತ್ತೇವೆ, ಅಲ್ವಾ? ಸೇವಾ ಪುಸ್ತಕ ತಿರುವಿ ನೋಡಿ. ಕೊಡಲು ಸತಾಯಿಸಿದರೆ ಮಾಹಿತಿ ಹಕ್ಕಿನಲ್ಲಿ ದೃಢೀಕೃತ ನಕಲು ಕೇಳಿ.

ನೀವು ಸರ್ಕಾರಿ ಶಾಲೆಯವರು, ಆದ್ದರಿಂದ ಮೊದಲು ಹೋಗಬೇಕಾದ್ದು ಹೈಕೋರ್ಟಿಗಲ್ಲ, ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ. ಬೆಂಗಳೂರಲ್ಲದೆ ಬೆಳಗಾವಿ, ಕಲಬುರಗಿಯಲ್ಲೂ ಪೀಠಗಳಿವೆ. ಕೊನೆಯ ಆದೇಶದಿಂದ ಒಂದು ವರ್ಷದೊಳಗೆ ಅರ್ಜಿ ಹಾಕಬೇಕು ಅನ್ನುವುದು ಅಲ್ಲಿನ ಕಾನೂನು. ತಡವನ್ನು ಮನ್ನಿಸುವಂತೆ ಕೋರುವ ಅರ್ಜಿಯನ್ನೂ ಜೊತೆಗೇ ಹಾಕಲು ವಕೀಲರಿಗೆ ಹೇಳಿ. ನಿಮಗೆ ಬಂದ ಆ ಉತ್ತರದ ಲಕೋಟೆಯನ್ನು ಎಸೆದಿಲ್ಲ ತಾನೇ? ಅದರ ಮೇಲಿನ ಅಂಚೆ ಮುದ್ರೆಯ ದಿನಾಂಕವನ್ನು ಇವತ್ತೇ ನೋಡಿ.

ಇಂತಿ,
ಸಂಪಾದಕ