ಟಾಮ್‌ನ ಬೆರಳು ಮತ್ತು ಲಿಸ್ಟ್‌ನ ಸ್ವರ

ಪ್ರಶ್ನೆ: ‘ಟಾಮ್ ಅಂಡ್ ಜೆರ್ರಿ’ಯಲ್ಲಿ ಬೆಕ್ಕು ಕರಿಕೋಟು ತೊಟ್ಟು ಪಿಯಾನೊ ನುಡಿಸುವ ಚಿತ್ರವೊಂದಿದೆ. ನಮಗೆ ಕೇಳಿಸುವ ಸ್ವರದ ಮೇಲೆಯೇ ಅದರ ಬೆರಳು ಬೀಳುತ್ತದೆಯೇ, ಸುಮ್ಮನೆ ಅತ್ತಿತ್ತ ಓಡುತ್ತದೆಯೇ?

ಉತ್ತರ: ಸುಮ್ಮನೆ ಓಡುವುದಿಲ್ಲ. ಅದು 1947ರಲ್ಲಿ ತೆರೆಕಂಡ ‘ದಿ ಕ್ಯಾಟ್ ಕನ್ಸರ್ಟೊ’. ಚಿಕ್ಕಂದಿನಲ್ಲಿ ಆರು ವರ್ಷ ಪಿಯಾನೊ ಕಲಿತ ನಾನು ಅದನ್ನು ವೇಗ ಕುಗ್ಗಿಸಿ ಎಷ್ಟೋ ಸಲ ನೋಡಿದ್ದೇನೆ. ಟಾಮ್ ನುಡಿಸುವುದು ಸಂಗೀತ ರಚನಕಾರ ಫ್ರಾಂಜ್ ಲಿಸ್ಟ್‌ನ ಪಿಯಾನೊ ಕೃತಿ, ಎರಡನೆಯ ‘ಹಂಗೇರಿಯನ್ ರಾಪ್ಸಡಿ’. ಸ್ವರ ಕೆಳಗಿಳಿದರೆ ಕೈ ಎಡಕ್ಕೆ ಸರಿಯುತ್ತದೆ, ಮೇಲೇರಿದರೆ ಬಲಕ್ಕೆ. ಬೆರಳು ಒತ್ತುವ ಗಳಿಗೆಯೂ ಸ್ವರ ಮೊಳಗುವ ಗಳಿಗೆಯೂ ಒಂದೇ.

ಇಂಥ ಚಿತ್ರದಲ್ಲಿ ಸಂಗೀತ ಮೊದಲು, ಗೆರೆ ಆಮೇಲೆ. ಸೆಕೆಂಡಿಗೆ 24 ಚೌಕಟ್ಟುಗಳ (ಫ್ರೇಮ್) ಲೆಕ್ಕದಲ್ಲಿ ಏಳು ನಿಮಿಷಕ್ಕೆ ಹತ್ತು ಸಾವಿರ ಚೌಕಟ್ಟುಗಳಾದವು. ಯಾವ ಸ್ವರ ಯಾವ ಚೌಕಟ್ಟಿನಲ್ಲಿ ಎಂದು ಹಾಳೆಯಲ್ಲಿ ಗುರುತು ಹಾಕಿಕೊಂಡು ಕಲಾವಿದರು ಬರೆಯಲು ಕೂರಬೇಕು. ನಿರ್ದೇಶಕರಿಬ್ಬರಲ್ಲಿ ಜೋಸೆಫ್ ಬಾರ್ಬೆರಾ ಹಾಸ್ಯಪ್ರಸಂಗಗಳನ್ನು ಕಟ್ಟಿ ಚಿತ್ರಿಸಿ ಕೊಡುವವರು, ಕಾಲದ ಅಳತೆ ವಿಲಿಯಂ ಹ್ಯಾನಾ ಅವರದು. ಸಂಗೀತ ಹೊಂದಿಸಿದವರು ಸ್ಕಾಟ್ ಬ್ರಾಡ್ಲಿ. ಕೆನೆತ್ ಮ್ಯೂಸ್, ಎಡ್ ಬಾರ್ಜ್, ಇರ್ವೆನ್ ಸ್ಪೆನ್ಸ್ ಮೊದಲಾದವರು ಆ ಕೈಗಳಿಗೆ ಜೀವ ಕೊಟ್ಟರು.

ಕತ್ತರಿಯ ಪ್ರಸಂಗವನ್ನೇ ನೋಡಿ. ಟಾಮ್‌ನ ಬೆರಳು ಬಲತುದಿಯ ಕೀಲಿಯನ್ನು ಮತ್ತೆ ಮತ್ತೆ ಮುಟ್ಟಿ ಹಿಂದೆ ಸರಿಯುತ್ತದೆ. ಅದನ್ನು ತುಂಡರಿಸಲು ಜೆರ್ರಿ ಕತ್ತರಿ ಹಿಡಿದು ಕಾಯುತ್ತದೆ. ಸ್ವರ, ಕತ್ತರಿಯ ಕಚಕ್. ಮತ್ತೆ ಸ್ವರ, ಮತ್ತೆ ಕಚಕ್. ಪ್ರತಿ ಸಲವೂ ಬೆರಳು ಕೂದಲೆಳೆಯಲ್ಲಿ ಪಾರು. ಬೇಸತ್ತ ಜೆರ್ರಿ ಆ ಕೀಲಿಗಳ ಜಾಗದಲ್ಲಿ ಇಲಿಬೋನನ್ನೇ ಇಡುತ್ತದೆ. ಸಂಗೀತದ ಲಯವೇ ಇಲ್ಲಿ ಹಾಸ್ಯದ ಲಯ. ಒಂದೆರಡು ಚೌಕಟ್ಟು ಆಚೀಚೆಯಾಗಿದ್ದರೆ ನಗು ಹುಟ್ಟುತ್ತಲೇ ಇರಲಿಲ್ಲ.

ನನಗೆ ಇನ್ನೂ ಇಷ್ಟವಾಗುವುದು ಟಾಮ್‌ನ ಗಾಂಭೀರ್ಯ. ಸಭೆ ಎದುರಿಗಿದೆ, ಕೃತಿಯನ್ನು ನಡುವೆ ನಿಲ್ಲಿಸುವಂತಿಲ್ಲ. ಒಂದು ಕೈ ಇಲಿಗಾಗಿ ತಡಕಾಡುತ್ತಿದ್ದರೂ ಇನ್ನೊಂದು ನುಡಿಸುತ್ತಲೇ ಇರುತ್ತದೆ. ಇಡೀ ಚಿತ್ರದಲ್ಲಿ ಮಾತಿಲ್ಲ; ಹೇಳಬೇಕಾದದ್ದನ್ನೆಲ್ಲ ಆ ಬೆನ್ನು, ಹುಬ್ಬು, ಮಣಿಕಟ್ಟುಗಳೇ ಹೇಳುತ್ತವೆ. ಕೊನೆಗೆ ಕೋಟು ಚಿಂದಿಯಾಗಿ ಟಾಮ್ ಕುಸಿದಾಗ ಬೆಳಕು ಬೀಳುವುದು ಜೆರ್ರಿಯ ಮೇಲೆ. ಆಗ ನನಗೆ ನಿಜಕ್ಕೂ ಸಂಕಟವಾಗುತ್ತದೆ.

ಎಲ್ಲೆಡೆ ತೆರೆಕಂಡದ್ದು 1947ರಲ್ಲಾದರೂ ಈ ಚಿತ್ರಕ್ಕೆ ಬಂದದ್ದು 1946ರ ಸಾಲಿನ ಆಸ್ಕರ್. ಸರಣಿಗೆ ಸಂದ ಏಳು ಆಸ್ಕರ್‌ಗಳಲ್ಲಿ ಇದು ನಾಲ್ಕನೆಯದು. ಅಂದಿನ ಪದ್ಧತಿಯಂತೆ ಪ್ರಶಸ್ತಿ ನಿರ್ಮಾಪಕ ಫ್ರೆಡ್ ಕ್ವಿಂಬಿ ಅವರ ಕೈಸೇರಿತು. ಗೆರೆ ಎಳೆದವರ, ಕಾಲ ಅಳೆದವರ ಹೆಸರುಗಳನ್ನು ಮೇಲೆ ಒಂದೊಂದಾಗಿ ಬರೆದದ್ದು ಅದಕ್ಕಾಗಿಯೇ.

ಪ್ರಶ್ನೆ: ಇದೇ ಕಥೆ ಬಗ್ಸ್ ಬನಿ ಎಂಬ ಮೊಲದ ಚಿತ್ರದಲ್ಲೂ ಇದೆಯಲ್ಲ?

ಉತ್ತರ: ಇದೆ. ಫ್ರಿಜ್ ಫ್ರೆಲೆಂಗ್ ನಿರ್ದೇಶಿಸಿದ ‘ರಾಪ್ಸಡಿ ರ್‍ಯಾಬಿಟ್’ 1946ರ ನವೆಂಬರಿನಲ್ಲಿಯೇ ತೆರೆಗೆ ಬಂದಿತ್ತು. ಅದೇ ಕೃತಿ, ಅಲ್ಲಿಯೂ ಒಂದು ಇಲಿ. ಎರಡು ಚಿತ್ರಗಳನ್ನು ತಯಾರಿಸಿದ ಸ್ಟುಡಿಯೊಗಳು ಪರಸ್ಪರ ಕಳ್ಳತನದ ದೂರು ಹೊರಿಸಿದವು. ಒಂದರ ಬೆನ್ನಿಗೆ ಇನ್ನೊಂದನ್ನು ನೋಡಿ. ಮೊಲ ನುಡಿಸುವ ನಡುವೆಯೇ ಫೋನಿನಲ್ಲಿ ಮಾತಿಗಿಳಿಯುತ್ತದೆ. ಟಾಮ್ ತುಟಿ ಬಿಚ್ಚುವುದಿಲ್ಲ.